ಕೆಜಿಎಫ್–ಆವಣಿ ಒಂದು ದಿನದ ಪ್ರವಾಸ: ಗಣಿಗೆ ಗೈಡ್ ಸಿಕ್ಕರು, ಗುಡಿಗೆ ಹೊತ್ತು ಸಿಗಲಿಲ್ಲ

ಬೆಂಗಳೂರಿನಿಂದ ಬೆಳಿಗ್ಗೆ ಹೊರಟು ರಾತ್ರಿ ಊಟದ ಹೊತ್ತಿಗೆ ಮನೆ ಸೇರಿಸುವ, ಕೋಲಾರದ ಚಿನ್ನದ ಗಣಿಯ ಊರನ್ನೂ ಮುಳಬಾಗಿಲು ಸೀಮೆಯ ಸಾವಿರ ವರ್ಷದ ಗುಡಿಗಳನ್ನೂ ಒಂದೇ ದಿನದಲ್ಲಿ ತೋರಿಸುವುದಾಗಿ ಹೇಳುವ ಪ್ರವಾಸವೊಂದಕ್ಕೆ, ಸಂಕ್ರಾಂತಿ ಕಳೆದ ಮೊದಲ ಭಾನುವಾರ, ನಾನು, ನನ್ನ ಹೆಂಡತಿ ಮತ್ತು 72 ವರ್ಷದ ನಮ್ಮ ಸೋದರಮಾವ ಹೋಗಿಬಂದೆವು. ತಲೆಗೆ 2,400 ರೂಪಾಯಿ. ವಾಹನ, ಬೆಳಗಿನ ತಿಂಡಿ, ಮಧ್ಯಾಹ್ನದ ಊಟ, ಗೈಡ್ ಖರ್ಚು ಎಲ್ಲವೂ ಅದರಲ್ಲೇ ಸೇರಿದೆ. ಪ್ರವಾಸ ನಡೆಸಿದವರ ಹೆಸರನ್ನು ಬೇಕೆಂದೇ ಬರೆಯುತ್ತಿಲ್ಲ. ಇದೇ ಮಾರ್ಗದಲ್ಲಿ, ಹೆಚ್ಚುಕಡಿಮೆ ಇದೇ ವೇಳಾಪಟ್ಟಿಯಲ್ಲಿ ಜನರನ್ನು ಕರೆದೊಯ್ಯುವವರು ಬೇರೆಯವರೂ ಇದ್ದಾರೆ. ದುಡ್ಡು ಕಟ್ಟುವ ಮೊದಲು ಯಾರನ್ನು ಏನು ಕೇಳಬೇಕು ಎಂಬುದು ಓದುವವರಿಗೆ ತಿಳಿದರೆ ಈ ವಿಮರ್ಶೆಯ ಕೆಲಸ ಆದಂತೆ.

ಈ ಎರಡು ಜಾಗಗಳ ಸ್ವಭಾವ ಒಂದಕ್ಕೊಂದು ತೀರ ಬೇರೆ ಎನ್ನುವುದನ್ನು ಮೊದಲೇ ಹೇಳಿಬಿಡಬೇಕು, ಏಕೆಂದರೆ ನನ್ನ ಮೆಚ್ಚುಗೆಯೂ ತಕರಾರೂ ಅದರಿಂದಲೇ ಹುಟ್ಟಿದವು. ಕೆಜಿಎಫ್‌ನಲ್ಲಿ ನೋಡಬೇಕಾದ್ದೆಲ್ಲ ನೆಲದ ಕೆಳಗಿದೆ, ಅಲ್ಲಿಗೆ ಈಗ ಯಾರೂ ಇಳಿಯುವಂತಿಲ್ಲ. ಹೇಳುವವರು ಜೊತೆಗಿಲ್ಲದಿದ್ದರೆ ಅಲ್ಲಿ ಕಣ್ಣಿಗೆ ಬೀಳುವುದು ತುಕ್ಕು ಹಿಡಿದ ಕಬ್ಬಿಣ, ಬೀಗ ಜಡಿದ ಗೇಟು ಮತ್ತು ಬೂದಿ ಬಣ್ಣದ ಗುಡ್ಡ ಇಷ್ಟೇ. ಆವಣಿಯಲ್ಲಾದರೋ ಎಲ್ಲವೂ ಕಣ್ಣೆದುರಿಗೇ ಇದೆ. ಗೋಡೆಯಿಂದ ಗೋಡೆಗೆ ಸುಮ್ಮನೆ ಸುತ್ತುತ್ತ ನಿಲ್ಲಲು ಹೊತ್ತು ಬೇಕು. ನಮ್ಮ ಪ್ರವಾಸದವರು ಮೊದಲನೆಯದಕ್ಕೆ ಬೇಕಾದ್ದನ್ನು ತುಂಬು ಕೈಯಿಂದ ಕೊಟ್ಟರು, ಎರಡನೆಯದಕ್ಕೆ ಬೇಕಾದ್ದನ್ನು ಕಿತ್ತುಕೊಂಡರು.

ಹೊರಡುವ ಹೊತ್ತಿನ ಬಗ್ಗೆ ಹೆಚ್ಚು ಹೇಳುವುದಿಲ್ಲ. ಟಿನ್ ಫ್ಯಾಕ್ಟರಿಯ ಬಳಿ ಆರೂಕಾಲಿಗೆ ಬರಬೇಕಿದ್ದ ಟೆಂಪೊ ಟ್ರಾವೆಲರ್ ಏಳಕ್ಕೆ ಹತ್ತು ನಿಮಿಷ ಇರುವಾಗ ಬಂತು. ಒಟ್ಟು ಹನ್ನೆರಡು ಜನ. ಗಾಡಿ ಶುಚಿಯಾಗಿತ್ತು, ಚಾಲಕರು ಇಡೀ ದಿನ ಒಮ್ಮೆಯೂ ಫೋನ್ ಮುಟ್ಟಲಿಲ್ಲ. ದಾರಿಯಲ್ಲಿ ತಟ್ಟೆ ಇಡ್ಲಿ ತಿಂದು, ಬಂಗಾರಪೇಟೆ ತಲುಪಿದಾಗ ಗೈಡ್ ಹತ್ತಿದರು.

ಈ ಪ್ರವಾಸದ ನಿಜವಾದ ಆಸ್ತಿ ಅವರೇ. ನಲವತ್ತರ ಆಸುಪಾಸಿನ, ಕೆಜಿಎಫ್‌ನ ಗಣಿ ಕುಟುಂಬದ ಮೂರನೆಯ ತಲೆಮಾರಿನವರು. ಅಜ್ಜ, ಅಪ್ಪ ಇಬ್ಬರೂ ಗಣಿಗೆ ಇಳಿದವರು. ಇವರು ವಾರವಿಡೀ ಮಾರಿಕುಪ್ಪಂ ರೈಲು ಹಿಡಿದು ಬೆಂಗಳೂರಿನ ಕೆಲಸಕ್ಕೆ ಓಡಾಡಿ, ಭಾನುವಾರ ಮಾತ್ರ ಗೈಡ್ ಕೆಲಸ ಮಾಡುತ್ತಾರೆ. ಆ ಊರಿನ ಸಾವಿರಾರು ಜನರ ಬದುಕು ಇಂದು ಅದೇ ರೈಲಿನ ವೇಳೆಗೆ ತಕ್ಕಂತೆ ನಡೆಯುತ್ತದೆ. ಮಾತು ಕನ್ನಡವೇ, ಆದರೆ ಅದರ ಏರಿಳಿತದಲ್ಲಿ ತಮಿಳು ಇತ್ತು. ಮಧ್ಯೆ ಮಧ್ಯೆ ಶಿಫ್ಟು, ಶಾಫ್ಟು, ಕೇಜು, ಲೈನು ಎಂಬ ಮಾತುಗಳು ಮನೆಮಾತಿನಷ್ಟೇ ಸಲೀಸಾಗಿ ಬರುತ್ತಿದ್ದವು.

ಅವರು ಕತೆಯನ್ನು ಕಂಪನಿಯಿಂದ ಶುರುಮಾಡದೆ ರೈತರಿಂದ ಶುರುಮಾಡಿದ್ದು ನನಗೆ ಹಿಡಿಸಿತು. ಟಿಪ್ಪು ಸತ್ತು ಮೈಸೂರು ರಾಜ್ಯದ ಗಡಿ ಗುರುತಿಸುವ ಕೆಲಸ ನಡೆದಿದ್ದಾಗ, 1802ರಲ್ಲಿ, ಜಾನ್ ವಾರೆನ್ ಎಂಬ ಸೇನಾಧಿಕಾರಿ ಈ ಕಡೆ ಬಂದ. ಇಲ್ಲಿಯ ಮಣ್ಣಿನಲ್ಲಿ ಚಿನ್ನ ಸಿಗುತ್ತದೆಂಬ ಮಾತು ಕಿವಿಗೆ ಬಿದ್ದು, ತೋರಿಸಿದವರಿಗೆ ಇನಾಮು ಎಂದು ಸಾರಿದ. ಊರಿಗಾಂ, ಮಾರಿಕುಪ್ಪಂ ಕಡೆಯ ಜನ ಗಾಡಿಯಲ್ಲಿ ಮಣ್ಣು ಹೇರಿಕೊಂಡು ಬಂದು ಅವನ ಕಣ್ಣೆದುರಿಗೇ ತೊಳೆದು ಚಿನ್ನದ ಕಣ ತೆಗೆದು ತೋರಿಸಿದರು. ವಾರೆನ್ ಬರೆದಿಟ್ಟದ್ದನ್ನು ಎಪ್ಪತ್ತು ವರ್ಷದ ಮೇಲೆ ಓದಿದವನು ಬೆಂಗಳೂರಿನಲ್ಲಿ ನೆಲೆಸಿದ್ದ ಮಾಜಿ ಸೈನಿಕ ಲಾವೆಲ್. 1870ರ ದಶಕದಲ್ಲಿ ಮೈಸೂರು ಸರ್ಕಾರದಿಂದ ಪರವಾನಗಿ ಪಡೆದವನು ಅವನೇ, ಆದರೆ ಲಾಭ ಕಂಡವನು ಅವನಲ್ಲ; 1880ರಲ್ಲಿ ಜಾನ್ ಟೇಲರ್ ಅಂಡ್ ಸನ್ಸ್ ಬಂದ ಮೇಲೆಯೇ ಗಣಿ ಗಣಿಯಾದದ್ದು. ಹೀಗೆ ಹೇಳುವಾಗ ಅವರು ನಮ್ಮನ್ನು ಯಾವ ಸ್ಮಾರಕದ ಎದುರೂ ನಿಲ್ಲಿಸಲಿಲ್ಲ, ಮಾರಿಕುಪ್ಪಂ ನಿಲ್ದಾಣದ ಹೊರಗಿನ ಟೀ ಅಂಗಡಿಯ ಬೆಂಚಿನ ಮೇಲೆ ಕೂರಿಸಿದರು. ಹರಪ್ಪದ ಕಾಲಕ್ಕೇ ಇಲ್ಲಿಯ ಚಿನ್ನ ಸಿಂಧೂ ಕಣಿವೆಗೆ ಹೋಗಿತ್ತು ಎಂದು ಅವರು ಖಚಿತವಾಗಿ ಹೇಳಿದ್ದೊಂದು ಮಾತ್ರ ನನಗೆ ಸರಿಕಾಣಲಿಲ್ಲ. ಅದು ವಿದ್ವಾಂಸರ ಊಹೆಯೇ ಹೊರತು ಸಾಬೀತಾದ ಸಂಗತಿಯಲ್ಲ, ‘ಎನ್ನುತ್ತಾರೆ’ ಎಂಬ ಒಂದು ಪದ ಸೇರಿಸಿದ್ದರೆ ಸಾಕಿತ್ತು.

ಚಾಂಪಿಯನ್ ರೀಫ್ ಕಡೆ ಸಾಗುವಾಗ ವಿದ್ಯುತ್ತಿನ ಮಾತು ಬಂತು. ನಮ್ಮ ಮಾವ ಕೆಇಬಿಯಲ್ಲಿ ಮೂವತ್ತನಾಲ್ಕು ವರ್ಷ ದುಡಿದು ನಿವೃತ್ತರಾದವರು. ಅಲ್ಲಿಯವರೆಗೆ ಕಿಟಕಿಗೆ ತಲೆಯಾನಿಸಿ ತೂಕಡಿಸುತ್ತಿದ್ದವರು ಕಣ್ಣುಬಿಟ್ಟು ಕೂತರು. ಬೆಂಗಳೂರಿಗೂ ಕೆಜಿಎಫ್‌ಗೂ ಒಟ್ಟಿಗೇ ಕರೆಂಟು ಬಂತು ಎಂದು ಗೈಡ್ ಹೇಳಿದ್ದೇ ತಡ, “ಇಲ್ಲ ಸ್ವಾಮಿ, ಬೆಂಗಳೂರಿಗೆ ಬಂದದ್ದು ಮೂರು ವರ್ಷ ಆದಮೇಲೆ” ಎಂದು ತಿದ್ದಿದರು. ಅದು ನಿಜ. ಶಿವನಸಮುದ್ರದಲ್ಲಿ ಕಾವೇರಿಯ ನೀರಿನಿಂದ ತಯಾರಾದ ವಿದ್ಯುತ್ತು 1902ರಲ್ಲಿ ಮೊದಲು ಹರಿದದ್ದು ಈ ಗಣಿಗೆ, ಸುಮಾರು 147 ಕಿಲೋಮೀಟರ್ ಉದ್ದದ ತಂತಿಯ ಮೂಲಕ. ಆ ಕಾಲಕ್ಕೆ ಜಗತ್ತಿನಲ್ಲೇ ಅತಿ ಉದ್ದದ ವಿದ್ಯುತ್ ಮಾರ್ಗಗಳ ಸಾಲಿಗೆ ಸೇರಿದ್ದ ತಂತಿ ಅದು. ಬೆಂಗಳೂರಿನ ಬೀದಿದೀಪ ಹತ್ತಿದ್ದು 1905ರಲ್ಲಿ. ಗೈಡ್ ಮುಖ ಸಣ್ಣ ಮಾಡಿಕೊಳ್ಳಲಿಲ್ಲ, ಚೀಟಿಯೊಂದರಲ್ಲಿ ಬರೆದುಕೊಂಡರು; ಆಮೇಲಿನ ಅರ್ಧ ಗಂಟೆ ಗಾಡಿಯಲ್ಲಿ ಮಾವನದೇ ಪಾಠ. ಅಷ್ಟು ದೂರ ತಂತಿ ಎಳೆಯುವ ಸಾಹಸಕ್ಕೆ ಗಣಿಯವರು ಏಕೆ ಒಪ್ಪಿದರು ಎನ್ನುವುದನ್ನು ಅವರು ವಿವರಿಸಿದ ಬಗೆ ಚೆನ್ನಾಗಿತ್ತು: ಆಳ ಹೆಚ್ಚಿದಷ್ಟೂ ಅದಿರನ್ನು ಮೇಲೆತ್ತುವುದಕ್ಕೆ, ನೀರನ್ನು ಹೊರಹಾಕುವುದಕ್ಕೆ, ಗಾಳಿಯನ್ನು ಒಳಗೆ ನೂಕುವುದಕ್ಕೆ ಶಕ್ತಿ ಬೇಕು, ಆ ಬಯಲಿನಲ್ಲಿ ಸೌದೆಯೂ ಇಲ್ಲ, ಕಲ್ಲಿದ್ದಲೂ ಇಲ್ಲ.

ಗಿಫರ್ಡ್ ಶಾಫ್ಟ್‌ನ, ಎಂದರೆ ಗಣಿಗೆ ಇಳಿಯುವ ಬಾವಿಯ, ಉಕ್ಕಿನ ಗೋಪುರವನ್ನು ಬೇಲಿಯ ಹೊರಗಿನಿಂದಲೇ ನೋಡಬೇಕು. ಪ್ರದೇಶ ಭಾರತ್ ಗೋಲ್ಡ್ ಮೈನ್ಸ್‌ಗೆ ಸೇರಿದ್ದು, ಅನುಮತಿಯಿಲ್ಲದೆ ಒಳಗೆ ಬಿಡುವುದಿಲ್ಲ. ‘ಗಣಿಯೊಳಗೆ ಇಳಿಯಿರಿ’ ಎಂಬ ಧಾಟಿಯ ಜಾಹೀರಾತು ಎಲ್ಲಿಯಾದರೂ ಕಂಡರೆ ನಂಬಬೇಡಿ. ಹೊರಗೆ ನಿಂತು ನೋಡಿದರೆ ಮೇಲೆ ಎರಡು ದೊಡ್ಡ ಗಾಲಿಗಳು, ಕೆಳಗೆ ಮುಳ್ಳುಕಂಟಿ. ಇಂಥ ಕಡೆಯೇ ಗೈಡ್‌ನ ಬೆಲೆ ತಿಳಿಯುವುದು. ಆ ಗಾಲಿಗಳ ಕೆಳಗಿನ ಗಣಿಯ ಆಳವನ್ನು ಅವರು ನಂದಿಬೆಟ್ಟದಿಂದ ಅಳೆದು ತೋರಿಸಿದರು. ನಂದಿಬೆಟ್ಟದ ತುದಿ ಸಮುದ್ರಮಟ್ಟದಿಂದ 1,478 ಮೀಟರ್ ಎತ್ತರ. ಅಂಥ ಎರಡು ಬೆಟ್ಟಗಳನ್ನು ಒಂದರ ಮೇಲೊಂದು ಇಟ್ಟು ಒಳಗೆ ಇಳಿಸಿದರೂ ಚಾಂಪಿಯನ್ ರೀಫ್ ಗಣಿ ತುಂಬುವುದಿಲ್ಲ, ಅದರ ಆಳ ಸುಮಾರು 3.2 ಕಿಲೋಮೀಟರ್. ತಳದಲ್ಲಿ ಬಂಡೆಯ ಬಿಸಿಯೇ 60 ಡಿಗ್ರಿ ಸೆಲ್ಸಿಯಸ್ ದಾಟುತ್ತಿತ್ತು; ತಂಪು ಗಾಳಿಯನ್ನು ಯಂತ್ರದಿಂದ ಕೆಳಗೆ ತಳ್ಳದಿದ್ದರೆ ಅಲ್ಲಿ ಮನುಷ್ಯ ನಿಲ್ಲುವಂತಿರಲಿಲ್ಲ. ಅದಿರು ತೆಗೆದು ಟೊಳ್ಳಾದ ಜಾಗದ ಸುತ್ತ ಮೇಲಿನ ಬಂಡೆಯ ಭಾರ ಒತ್ತಿ ಒತ್ತಿ ಒಮ್ಮೆಗೇ ಸಿಡಿಯುವುದನ್ನು ರಾಕ್ ಬರ್ಸ್ಟ್ ಎನ್ನುತ್ತಾರೆ. ಹಾಗೆ ಸಿಡಿದಾಗ ಮೇಲಿನ ಮನೆಗಳ ಪಾತ್ರೆಗಳು ಗಡಗಡ ಅಲುಗುತ್ತಿದ್ದವು, ಹೆಂಗಸರು ಮಕ್ಕಳನ್ನು ಎತ್ತಿಕೊಂಡು ಶಾಫ್ಟ್ ಕಡೆಗೆ ಓಡುತ್ತಿದ್ದರು ಎಂದು ಅವರು ತಮ್ಮ ತಾಯಿಯ ಬಾಯಲ್ಲಿ ಕೇಳಿದ್ದನ್ನು ಹೇಳಿದಾಗ ಗುಂಪಿನಲ್ಲಿ ಸೆಲ್ಫಿಗೆ ಫೋನ್ ಎತ್ತಿದ್ದವರೂ ಕೈ ಇಳಿಸಿದರು.

ಅದೇ ಬೇಲಿಯ ಬಳಿ ಅವರು ಹೇಳಿದ ಇನ್ನೊಂದು ಸಂಗತಿ ಹನ್ನೆರಡು ಜನರಲ್ಲಿ ಒಬ್ಬರಿಗೂ ಮೊದಲು ಗೊತ್ತಿರಲಿಲ್ಲ. ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆಯ ವಿಜ್ಞಾನಿಗಳು ಈ ಗಣಿಯ ಆಳದಲ್ಲಿ, ನೆಲದಿಂದ ಸುಮಾರು 2.3 ಕಿಲೋಮೀಟರ್ ಕೆಳಗೆ ಉಪಕರಣ ಹೂಡಿ, ವಾತಾವರಣದಲ್ಲಿ ಹುಟ್ಟುವ ನ್ಯೂಟ್ರಿನೊ ಕಣಗಳ ಗುರುತನ್ನು 1965ರಲ್ಲಿ ಹಿಡಿದರು. ಅಂಥ ಪತ್ತೆಗಳಲ್ಲಿ ಜಗತ್ತಿಗೇ ಇದು ಮೊದಮೊದಲಿನದು. ಆಕಾಶದಿಂದ ಸುರಿಯುವ ಉಳಿದ ಕಣಗಳನ್ನೆಲ್ಲ ಮೇಲಿನ ಬಂಡೆಯೇ ಜರಡಿಯಂತೆ ತಡೆದುಬಿಡುವುದರಿಂದ ಅಷ್ಟು ಆಳ ಬೇಕಾಯಿತಂತೆ. ಆ ಉಪಕರಣಗಳನ್ನು ಇಳಿಸಿದ್ದೂ ಅದಿರು ಎತ್ತುವ ಕೇಜಿನಲ್ಲೇ.

ಸೈನೈಡ್ ಗುಡ್ಡಗಳ ಬಗ್ಗೆ ಪ್ರವಾಸದವರು ನಡೆದುಕೊಂಡ ರೀತಿಯನ್ನು ಹೊಗಳಲೇಬೇಕು. ಪುಡಿ ಮಾಡಿದ ಅದಿರನ್ನು ಸೈನೈಡ್ ದ್ರಾವಣದಲ್ಲಿ ನೆನೆಸಿ ಚಿನ್ನವನ್ನು ಕರಗಿಸಿ ತೆಗೆದ ಮೇಲೆ ಉಳಿದ ನಯವಾದ ಹುಡಿಯನ್ನು ನೂರು ವರ್ಷಕ್ಕೂ ಮೇಲ್ಪಟ್ಟು ಊರಿನ ಪಕ್ಕದಲ್ಲೇ ಸುರಿದು ಎದ್ದ ಗುಡ್ಡಗಳಿವು. ಒಟ್ಟು ಮೂರು ಕೋಟಿ ಟನ್ನಿಗೂ ಹೆಚ್ಚು. ಸಿನಿಮಾಗಳಲ್ಲಿ ಚೆಂದ ಕಾಣುವ ಇವು ಗಾಳಿಗಾಲದಲ್ಲಿ ಸುತ್ತಲಿನ ಮನೆಗಳ ಅನ್ನದ ತಟ್ಟೆಗೂ ಧೂಳಾಗಿ ಇಳಿಯುತ್ತವೆ. ನಮಗೆ ಗಾಡಿಯಲ್ಲೇ ಮಾಸ್ಕ್ ಕೊಟ್ಟರು, ಹತ್ತಲು ಬಿಡಲಿಲ್ಲ, ರಸ್ತೆಯಿಂದಲೇ ತೋರಿಸಿದರು. ಮಳೆನೀರು ಕೊರೆದ ಸೀಳುಗಳು ಗುಡ್ಡದ ಮೈಮೇಲೆ ಬಾಚಣಿಗೆಯಿಂದ ಎಳೆದ ಹಾಗೆ ಮೇಲಿಂದ ಕೆಳಗೆ ಸಾಲಾಗಿದ್ದವು. ಕೆಲವೆಡೆ ಬಿಳಿ, ಕೆಲವೆಡೆ ಮಾಸಲು ಹಳದಿ. ಆ ಹೊತ್ತಿನಲ್ಲೇ ಬೇರೆ ಯಾರದೋ ಗುಂಪೊಂದು ಮೇಲೆ ಹತ್ತಿ ಮದುವೆಗೆ ಮುಂಚಿನ ಫೋಟೊ ತೆಗೆಸಿಕೊಳ್ಳುತ್ತಿತ್ತು. ನಮ್ಮ ಗುಂಪಿನ ಹುಡುಗರು “ನಾವೂ ಹೋಗೋಣ” ಎಂದಾಗ ಗೈಡ್ ದನಿ ಏರಿಸಲಿಲ್ಲ. ಕೆಳಗಿನ ಮನೆಯೊಂದನ್ನು ತೋರಿಸಿ, ಅಲ್ಲಿ ಬಟ್ಟೆ ಒಣಹಾಕುವವರು ಮೊದಲು ಗಾಳಿ ಯಾವ ಕಡೆಯಿಂದ ಬೀಸುತ್ತಿದೆ ಎಂದು ನೋಡುತ್ತಾರೆ ಎಂದಷ್ಟೇ ಹೇಳಿದರು.

ಹತ್ತಿರದಿಂದ ಕಂಡದ್ದರಲ್ಲಿ ನನ್ನ ಮನಸ್ಸಿನಲ್ಲಿ ಉಳಿದದ್ದು ಒಂದು ಹಿತ್ತಾಳೆ ಬಿಲ್ಲೆ. ಗಣಿ ಕಾರ್ಮಿಕರಿಗೆಂದು ಕಟ್ಟಿದ ಲೈನ್ ಮನೆಗಳ ಸಾಲಿನಲ್ಲಿ, ಒಂದು ಕೋಣೆ, ಒಂದು ಅಡುಗೆ ಮೂಲೆ, ಮುಂದೆ ತಡಿಕೆ ಕಟ್ಟಿದ ಪುಟ್ಟ ಅಂಗಳ ಇರುವ ಮನೆಯೊಂದರ ಮುಂದೆ, ನಿವೃತ್ತ ಕಾರ್ಮಿಕರೊಬ್ಬರು ನಮಗಾಗಿ ಕುರ್ಚಿ ಹಾಕಿಕೊಂಡು ಕಾಯುತ್ತಿದ್ದರು. ಅಂಗಿಯ ಜೇಬಿನಿಂದ ತೆಗೆದು ಅಂಗೈಯಲ್ಲಿಟ್ಟರು: ಹಳೆಯ ಒಂದು ರೂಪಾಯಿ ನಾಣ್ಯಕ್ಕಿಂತ ಕೊಂಚ ದೊಡ್ಡದು, ಮೇಲೊಂದು ತೂತು, ನಡುವೆ ಒತ್ತಿದ ನಂಬರು, ಅಂಚು ಸವೆದು ನುಣುಪಾಗಿದೆ. ಶಿಫ್ಟಿಗೆ ಇಳಿಯುವ ಮೊದಲು ಬಿಲ್ಲೆ ಕೊಟ್ಟು ತಲೆಗೆ ಕಟ್ಟುವ ದೀಪ ಪಡೆಯಬೇಕು, ಮೇಲೆ ಬಂದು ದೀಪ ಕೊಟ್ಟು ಬಿಲ್ಲೆ ಪಡೆಯಬೇಕು. “ಬೋರ್ಡಲ್ಲಿ ಬಿಲ್ಲೆ ನೇತಾಡ್ತಾ ಇದ್ರೆ ಆಳು ಇನ್ನೂ ಕೆಳಗಿದ್ದಾನೆ ಅಂತ, ಸಾರ್” ಎಂದರು. 2001ರ ಫೆಬ್ರವರಿ 28ರಂದು ಗಣಿ ಮುಚ್ಚಿದಾಗ ಈ ಬಿಲ್ಲೆಯನ್ನು ಅವರು ಹಿಂದಿರುಗಿಸಲಿಲ್ಲ, ಯಾರೂ ಕೇಳಲೂ ಇಲ್ಲ. ಪಂಪು ನಿಂತ ಮೇಲೆ ಸುರಂಗಗಳಲ್ಲಿ ನೀರು ತುಂಬಿತು. ನನ್ನ ಹೆಂಡತಿ ಅದನ್ನು ಕೈಗೆ ತೆಗೆದುಕೊಂಡು, ನಂಬರು ಓದಿ, ಎರಡೂ ಕೈಯಿಂದ ಹಿಂದಕ್ಕೆ ಕೊಟ್ಟಳು.

ಇಲ್ಲಿಯೇ ಒಂದು ತಕರಾರು. ಆ ಹಿರಿಯರು ನಮಗಾಗಿ ಮುಕ್ಕಾಲು ಗಂಟೆ ಕೊಟ್ಟರು. ಅವರ ಮನೆಯವರು ಹನ್ನೆರಡು ಲೋಟ ಕಾಫಿ ಮಾಡಿದರು. ಅದಕ್ಕೆ ಪ್ರವಾಸದವರು ಅವರಿಗೆ ಕೊಡುವುದು ಏನೂ ಇಲ್ಲ, ‘ನಿಮಗೆ ತೋಚಿದ್ದು ಕೊಡಿ’ ಎಂದು ಗೈಡ್ ಸಂಕೋಚದಿಂದ ಪ್ರವಾಸಿಗರನ್ನೇ ಕೇಳಬೇಕು. ನಾವೆಲ್ಲ ಕೊಟ್ಟೆವು, ಆ ಮಾತು ಬೇರೆ. ಹನ್ನೆರಡು ಜನರಿಂದ ಇಪ್ಪತ್ತೆಂಟು ಸಾವಿರದ ಎಂಟುನೂರು ರೂಪಾಯಿ ಪಡೆದವರು, ಇಡೀ ಪ್ರವಾಸದಲ್ಲಿ ಅತ್ಯಂತ ಬೆಲೆಯುಳ್ಳ ಮುಕ್ಕಾಲು ಗಂಟೆಗೆ ಸಂಭಾವನೆ ಇಟ್ಟಿಲ್ಲ ಎಂಬುದು ನಾಚಿಕೆಗೇಡು. ಜಾಹೀರಾತಿನಲ್ಲಿ ಕೆಜಿಎಫ್ ಅನ್ನು ‘ಭೂತಗಳ ಊರು’ ಎಂದು ಕರೆದಿರುವುದೂ ಅಷ್ಟೇ ಅಸಭ್ಯ. ಒಂದೂವರೆ ಲಕ್ಷದಷ್ಟು ಜನ ವಾಸಿಸುವ, ಭಾನುವಾರ ಬೆಳಿಗ್ಗೆ ರಾಬರ್ಟ್‌ಸನ್‌ಪೇಟೆ ಮಾರುಕಟ್ಟೆಯಲ್ಲಿ ಕಾಲಿಡಲು ಜಾಗವಿಲ್ಲದ ಊರಿನಲ್ಲಿ ಭೂತಕ್ಕೆ ಎಲ್ಲಿಯ ತಾವು?

ಊಟ ಚೆನ್ನಾಗಿತ್ತು. ಮುದ್ದೆ, ಹುರುಳಿ ಬಸ್ಸಾರು, ಅನ್ನ, ಮಜ್ಜಿಗೆ, ಬೇಡವೆಂದವರಿಗೆ ಚಪಾತಿ. ಊಟಕ್ಕೆ ಮುಂಚೆ ಗೈಡ್ ಇಳಿದುಹೋದರು, ಅವರೊಂದಿಗೇ ಪ್ರವಾಸದ ಲಯವೂ ಹೋಯಿತು.

ವೇಳಾಪಟ್ಟಿಯಂತೆ ಊಟವಾದ ಮೇಲೆ ನೇರವಾಗಿ ಮುಳಬಾಗಿಲು ಕಡೆ ಹೊರಡಬೇಕಿತ್ತು. ಬದಲಿಗೆ, ‘ಎಲ್ಲರೂ ಕೇಳುತ್ತಾರೆ’ ಎಂಬ ನೆಪದಲ್ಲಿ, ಪಟ್ಟಿಯಲ್ಲಿಲ್ಲದ ಹೊಸ ಕಾಲದ ದೇವಸ್ಥಾನವೊಂದಕ್ಕೆ ಗಾಡಿ ತಿರುಗಿತು. ಭಾನುವಾರದ ಜಂಗುಳಿ, ಪಾರ್ಕಿಂಗ್‌ಗೆ ಕಾಯುವುದು, ಆಟಿಕೆ ಅಂಗಡಿಗಳ ಸಾಲು ಎಲ್ಲ ಸೇರಿ ಒಂದು ಗಂಟೆ ಹತ್ತು ನಿಮಿಷ ಹೋಯಿತು. ಭಕ್ತಿಯಿಂದ ಹೋಗುವವರ ಬಗ್ಗೆ ನನ್ನ ಆಕ್ಷೇಪವಿಲ್ಲ. ಹಳೆಯ ಗುಡಿಗಳನ್ನು ನೋಡಲೆಂದು ದುಡ್ಡು ಕೊಟ್ಟವರ ಹೊತ್ತನ್ನು ಅವರನ್ನು ಕೇಳದೆ ಬೇರೆಡೆ ಖರ್ಚು ಮಾಡಿದ್ದು ಸರಿಯಲ್ಲ ಎಂಬುದಷ್ಟೇ ನನ್ನ ಮಾತು.

ಕುರುಡುಮಲೆಯಲ್ಲಿ ಅರ್ಧ ಗಂಟೆ. ಒಂದೇ ಕಲ್ಲಿನ, ಹದಿಮೂರು ಅಡಿಗೂ ಮೀರಿದ ಗಣಪತಿಯ ಮುಂದೆ ನಿಂತರೆ ತಲೆಯೆತ್ತಿಯೇ ನೋಡಬೇಕು. ದರ್ಶನದ ಸಾಲು ಬೇಗ ಸರಿಯಿತು. ಪಕ್ಕದ ಸೋಮೇಶ್ವರ ಗುಡಿಯ ಒಂದು ಭಾಗವನ್ನು ಜಕಣಾಚಾರಿಯೂ ಮತ್ತೊಂದು ಭಾಗವನ್ನು ಅವನ ಮಗ ಡಂಕಣನೂ ಕೆತ್ತಿದರೆಂಬುದು ಊರಿನ ಐತಿಹ್ಯ. ಎರಡು ಬಗೆಯ ಕೆಲಸವನ್ನು ಹೋಲಿಸಿ ನೋಡುವ ಆಸೆ ನನಗಿತ್ತು, ಅಷ್ಟರಲ್ಲಿ ಹಾರ್ನ್ ಕೇಳಿಸಿತು.

ಆವಣಿ ತಲುಪಿದಾಗ ಐದೂವರೆ. ಕತ್ತಲಾಗಲು ಮುಕ್ಕಾಲು ಗಂಟೆ, ಗುಡಿಯ ಒಳಗಂತೂ ಆಗಲೇ ಕತ್ತಲು. ಹೊರಡುವ ಮೊದಲು ಆವಣಿಗೆಂದು ಹೇಳಿದ್ದ ಅವಧಿ ಎರಡು ಗಂಟೆ. ಸಿಕ್ಕಿದ್ದು ನಲವತ್ತು ನಿಮಿಷ. ಬೆಳಗಿನ ಗೈಡ್ ಇಲ್ಲದ್ದರಿಂದ ವಿವರಿಸುವ ಹೊಣೆ ಗಾಡಿಯೊಂದಿಗೆ ಬಂದಿದ್ದ ಸಂಯೋಜಕ ಹುಡುಗನ ಮೇಲೆ ಬಿತ್ತು, ಅವನು ಫೋನ್ ನೋಡಿಕೊಂಡು ‘ಎರಡು ಸಾವಿರ ವರ್ಷದ ಚೋಳರ ದೇವಸ್ಥಾನ’ ಎಂದು ಓದಿದ. ಈ ಗುಡಿಗಳು ಮುಖ್ಯವಾಗಿ ನೊಳಂಬರವು, ಹತ್ತನೆಯ ಶತಮಾನದವು. ಚೋಳರ ಕೈವಾಡ ಆಮೇಲಿನದು. ಇಂದು ಆಂಧ್ರಕ್ಕೆ ಸೇರಿರುವ ಹೇಮಾವತಿಯನ್ನು ರಾಜಧಾನಿ ಮಾಡಿಕೊಂಡು ಆಳಿದ ನೊಳಂಬರ ಹೆಸರನ್ನು ಹೇಳುವ ಅವಕಾಶವೇ ಕರ್ನಾಟಕದಲ್ಲಿ ನಮಗೆ ಹೆಚ್ಚು ಸಿಗುವುದಿಲ್ಲ. ಅವರ ಅತ್ಯುತ್ತಮ ಕೆಲಸಗಳಲ್ಲೊಂದರ ಅಂಗಳದಲ್ಲೇ ನಿಂತು ಅದನ್ನು ಬೇರೆಯವರ ಲೆಕ್ಕಕ್ಕೆ ಬರೆಯುವುದನ್ನು ಕೇಳಿಕೊಂಡು ಸುಮ್ಮನಿರುವುದು ಕಷ್ಟವಾಯಿತು.

ಒಂದೇ ಪೌಳಿಯ ಒಳಗೆ ರಾಮೇಶ್ವರ, ಲಕ್ಷ್ಮಣೇಶ್ವರ, ಭರತೇಶ್ವರ, ಶತ್ರುಘ್ನೇಶ್ವರ ಎಂದು ನಾಲ್ವರು ಅಣ್ಣತಮ್ಮಂದಿರ ಹೆಸರಿನ ಶಿವನ ಗುಡಿಗಳು ಒಂದರ ಮಗ್ಗುಲಿಗೊಂದು ಕೂತಿವೆ. ವಾಲಿ, ಸುಗ್ರೀವರಿಗೂ ಚಿಕ್ಕ ಗುಡಿಗಳುಂಟು. ಇವುಗಳಲ್ಲಿ ಲಕ್ಷ್ಮಣೇಶ್ವರವೇ ಹೆಚ್ಚು ಅಲಂಕಾರದ್ದು. ಹಂಪಿಯನ್ನೋ ಬೇಲೂರನ್ನೋ ನೋಡಿ ಬಂದವರಿಗೆ ಮೊದಲ ನೋಟಕ್ಕೆ ಇವು ಗಿಡ್ಡ ಎನ್ನಿಸಬಹುದು. ಹತ್ತಿರ ಹೋಗಿ ಬಗ್ಗಿ ನೋಡಿದರೆ ಮಾತ್ರ ಅಧಿಷ್ಠಾನದ, ಎಂದರೆ ಗುಡಿಯ ತಳಪೀಠದ, ಪಟ್ಟಿಯಲ್ಲಿ ಪುಟ್ಟ ಪ್ರಾಣಿಗಳ ಸಾಲು ಕಾಣುತ್ತದೆ, ಒಂದರ ಹಾಗೆ ಇನ್ನೊಂದಿಲ್ಲ. ಲಕ್ಷ್ಮಣೇಶ್ವರದ ಒಳಗೆ ತಲೆಯೆತ್ತಿದರೆ ಭುವನೇಶ್ವರಿಯಲ್ಲಿ, ಎಂದರೆ ನಡುಮಾಡಿನ ಚೌಕದಲ್ಲಿ, ಉಮಾಮಹೇಶ್ವರ ಮತ್ತು ಸುತ್ತ ಅಷ್ಟದಿಕ್ಪಾಲಕರು. ಬೆಳಕು ಕಡಿಮೆಯಿದ್ದುದರಿಂದ ನಾವು ಫೋನಿನ ಟಾರ್ಚ್ ಹಿಡಿದೆವು. ಒಬ್ಬೊಬ್ಬರನ್ನೇ ಅವರವರ ವಾಹನದಿಂದ ಗುರುತಿಸುತ್ತ ಹೋದ ಮಾವ ಐದನೆಯವರ ಬಳಿ ಬಂದಾಗ ಸಂಯೋಜಕ ಬಂದು “ಅಂಕಲ್, ಟೈಮ್ ಆಯ್ತು” ಎಂದ. ಕತ್ತು ನೋಯುತ್ತಿದ್ದರೂ ಮಾವನಿಗೆ ಇಳಿಸುವ ಮನಸ್ಸಿರಲಿಲ್ಲ.

ಈ ಊರಿನ ಹತ್ತನೆಯ ಶತಮಾನದ ಶಾಸನವೊಂದು ತ್ರಿಭುವನಕರ್ತ ಎಂಬ ಯತಿಯನ್ನು ನೆನೆಯುತ್ತದೆ. ನಲವತ್ತು ವರ್ಷ ಆವಣಿಯ ಸ್ಥಾನವನ್ನು ನಡೆಸಿದ ಆತ ಐವತ್ತು ಗುಡಿಗಳನ್ನೂ ಎರಡು ದೊಡ್ಡ ಕೆರೆಗಳನ್ನೂ ಕಟ್ಟಿಸಿದ ಎನ್ನುತ್ತದೆ. ಗುಡಿಯ ಜೊತೆಗೆ ಕೆರೆಯನ್ನೂ ಸಮನಾಗಿ ಎಣಿಸುವ ಆ ಲೆಕ್ಕ, ನದಿಯೆಂಬ ನದಿ ವರ್ಷವಿಡೀ ಹರಿಯದ ಕೋಲಾರದ ಸೀಮೆಯಲ್ಲಿ ಎಷ್ಟು ಸಹಜ ಎಂಬುದನ್ನು ಅಲ್ಲಿಯೇ ಒಂದು ನಿಮಿಷ ಹೇಳಬಹುದಿತ್ತು. ಬೆಳಿಗ್ಗೆ ಕೆಜಿಎಫ್‌ನಲ್ಲಿ, ಬೇತಮಂಗಲದ ಕೆರೆಯಿಂದ ಗಣಿಯ ಊರಿಗೆ ನೀರು ತಂದ ಕತೆಯನ್ನು ಕೇಳಿಯೇ ಬಂದಿದ್ದೆವು. ಎರಡನ್ನೂ ಜೋಡಿಸಿ ಹೇಳುವವರು ಆಗಲೇ ರಾಬರ್ಟ್‌ಸನ್‌ಪೇಟೆಯ ಮನೆಯಲ್ಲಿದ್ದರು.

ಬೆಟ್ಟದ ವಿಷಯದಲ್ಲಿ ನನಗೆ ಬಂದದ್ದು ಸಿಟ್ಟೇ. ಜಾಹೀರಾತಿನ ಮೊದಲ ಚಿತ್ರವೇ ಆವಣಿ ಬೆಟ್ಟದ ಮೇಲಿನಿಂದ ತೆಗೆದದ್ದು: ಗುಂಡುಗಳ ನಡುವೆ ಮೆಟ್ಟಿಲು, ಕೆಳಗೆ ಊರು. ವಾಲ್ಮೀಕಿಯ ಆಶ್ರಮ ಇಲ್ಲಿತ್ತು, ಲವಕುಶರು ಇಲ್ಲೇ ಹುಟ್ಟಿದರು ಎಂಬ ನಂಬಿಕೆಯ ಬೆಟ್ಟ ಅದು. ತುದಿಯ ಸೀತೆಯ ಗುಡಿಗೆ ಮಕ್ಕಳಾಗಲೆಂದು ಹರಕೆ ಹೊತ್ತು ಹತ್ತುವ ಹೆಂಗಸರು ಇಂದಿಗೂ ಇದ್ದಾರೆ. ನಮ್ಮ ಪ್ರವಾಸ ಬೆಟ್ಟವನ್ನು ಹತ್ತುವುದೇ ಇಲ್ಲ. ಕೇಳಿದಾಗ, ‘ಚಿತ್ರ ಸಾಂಕೇತಿಕ’ ಎಂಬ ಉತ್ತರ ಬಂತು. ಮಾವನ ಮಂಡಿಗೆ ಹೇಗೂ ಆ ಮೆಟ್ಟಿಲು ಆಗುತ್ತಿರಲಿಲ್ಲ, ಆದರೆ ಆ ಚಿತ್ರವನ್ನೇ ನೋಡಿ ಬಂದಿದ್ದ ಇಬ್ಬರು ಹುಡುಗಿಯರು ಗಟ್ಟಿ ಶೂ ಹಾಕಿಕೊಂಡು ಸಿದ್ಧರಾಗಿದ್ದರು.

ವಯಸ್ಸಾದವರನ್ನು ಕರೆದೊಯ್ಯುವವರಿಗೆ ಒಂದೆರಡು ಮಾತು. ಕೆಜಿಎಫ್ ಭಾಗದಲ್ಲಿ ನಡಿಗೆ ಕಡಿಮೆ, ಬಿಸಿಲು ಹೆಚ್ಚು; ಟೋಪಿ, ನೀರು ಇರಲಿ. ಶೌಚಾಲಯ ಎನ್ನುವಂಥದ್ದು ತಿಂಡಿಯ ಹೋಟೆಲಿನಲ್ಲಿ, ಊಟದ ಹೋಟೆಲಿನಲ್ಲಿ ಬಿಟ್ಟರೆ ನಡುವೆ ಎಲ್ಲಿಯೂ ಸಿಗಲಿಲ್ಲ, ಹೆಂಗಸರಿಗೆ ಇದು ಸಣ್ಣ ವಿಷಯವಲ್ಲ. ಆವಣಿಯ ಗುಡಿಗಳ ಹೊಸ್ತಿಲು ಎತ್ತರ, ಒಳಗೆ ಕತ್ತಲು, ಕೈಹಿಡಿಯಲು ಒಬ್ಬರು ಜೊತೆಗಿರಬೇಕು. ಬೆಂಗಳೂರು ಸೇರಿದ್ದು ರಾತ್ರಿ ಒಂಬತ್ತೂಕಾಲಿಗೆ. ಭಾನುವಾರ ಸಂಜೆಯ ಹೊಸಕೋಟೆ ದಾರಿಯನ್ನು ಬಲ್ಲವರಿಗೆ ಇದು ಬೇಗ ಎಂದೇ ಅನ್ನಿಸೀತು.

ದುಡ್ಡಿಗೆ ತಕ್ಕ ಪ್ರವಾಸವೇ ಎಂದು ಕೇಳಿದರೆ, ಕೆಜಿಎಫ್ ಭಾಗಕ್ಕೆ ಹೌದು, ಅನುಮಾನವಿಲ್ಲದೆ ಹೌದು. ಸ್ವಂತ ಕಾರಿನಲ್ಲಿ ಹೋದರೆ ಆ ಬೇಲಿ, ಆ ಗಾಲಿ, ಆ ಗುಡ್ಡ ಎಲ್ಲವನ್ನೂ ಒಂದೂವರೆ ಗಂಟೆಯಲ್ಲಿ ನೋಡಿ ‘ಇಷ್ಟೇನಾ’ ಎಂದುಕೊಂಡು ಮರಳುತ್ತೀರಿ. ಅದೇ ಆವಣಿ, ಕುರುಡುಮಲೆಗಾದರೆ ಪ್ರವಾಸದ ಗಾಡಿ ಬೇಕಿಲ್ಲ. ಮುಳಬಾಗಿಲಿನಿಂದ ಹತ್ತಿರ, ನಿಮ್ಮದೇ ಗಾಡಿಯಲ್ಲಿ ಬೆಳಿಗ್ಗೆ ಬೇಗ ಹೋಗಿ, ಬಿಸಿಲೇರುವ ಮೊದಲು ಗುಡಿಯೊಳಗೆ ಬೆಳಕು ಓರೆಯಾಗಿ ಬೀಳುವ ಹೊತ್ತಿನಲ್ಲಿ ನೋಡಿ. ಶಿವರಾತ್ರಿಯ ಆಸುಪಾಸಿನಲ್ಲಿ ಹೋದರೆ ಆವಣಿ ಜಾತ್ರೆಯ ದನಗಳ ಪರಿಷೆಯೂ ಸಿಗುತ್ತದೆ, ಆದರೆ ಆಗ ಶಿಲ್ಪ ನೋಡುವ ಆಸೆ ಇಟ್ಟುಕೊಳ್ಳಬೇಡಿ. ಒಂದೇ ದಿನದಲ್ಲಿ ಎರಡನ್ನೂ ಮುಗಿಸಲೇಬೇಕೆಂದರೆ, ದುಡ್ಡು ಕಟ್ಟುವ ಮುಂಚೆ ಮೂರು ಪ್ರಶ್ನೆ ಕೇಳಿ: ಗೈಡ್ ಕೆಜಿಎಫ್‌ನವರೇ, ಅವರು ಸಂಜೆಯವರೆಗೂ ಇರುತ್ತಾರೆಯೇ, ಆವಣಿಗೆ ಎಷ್ಟು ಗಂಟೆಗೆ ಮುಟ್ಟಿಸುತ್ತೀರಿ. ಮೂರನೆಯದಕ್ಕೆ ‘ಟ್ರಾಫಿಕ್ ನೋಡಿಕೊಂಡು’ ಎಂಬ ಉತ್ತರ ಬಂದರೆ ಬೇರೆಯವರನ್ನು ಹುಡುಕಿ.

ಇದನ್ನೆಲ್ಲ ಪ್ರವಾಸ ನಡೆಸಿದವರಿಗೂ ಮರುದಿನವೇ ಬರೆದು ಕಳಿಸಿದೆ. ಎರಡು ದಿನದಲ್ಲಿ ವಿನಯದ ಉತ್ತರ ಬಂತು: ಬೆಟ್ಟದ ಚಿತ್ರ ತೆಗೆಯುತ್ತೇವೆ, ಲೈನ್ ಮನೆಯ ಹಿರಿಯರಿಗೆ ಪ್ರತಿ ಪ್ರವಾಸಕ್ಕೂ ಗೌರವಧನ ಕೊಡುತ್ತೇವೆ, ಆವಣಿಗೆ ಒಂದೂವರೆ ಗಂಟೆ ಮೀಸಲಿಡುತ್ತೇವೆ. ನಿನ್ನೆ ನೋಡಿದಾಗ ಚಿತ್ರ ಬದಲಾಗಿತ್ತು. ಗೈಡ್‌ಗೆ ಫೋನ್ ಮಾಡಿ ವಿಚಾರಿಸಿದೆ, ಹಿರಿಯರಿಗೆ ಈಗ ಐನೂರು ರೂಪಾಯಿ ಕೊಡುತ್ತಿದ್ದಾರಂತೆ. ಮಧ್ಯಾಹ್ನದ ಆ ದೇವಸ್ಥಾನ ಈಗ ಪಟ್ಟಿಯಲ್ಲೇ ಅಧಿಕೃತವಾಗಿ ಸೇರಿಕೊಂಡಿದೆ, ಆವಣಿಯ ಮುಂದೆ ಮಾತ್ರ ‘ಸಂಜೆ 5:30’ ಎಂದೇ ಇದೆ.